ಪಂಪ್ ಹೋಗಿದೆ ಎನ್ನುವ ಮೊದಲು

ಪೆಟ್ರೋಲ್ ಕಾರು ರಸ್ತೆಯಲ್ಲಿ ನಿಂತುಬಿಟ್ಟಿದೆ. ಸೆಲ್ಫ್ ಹೊಡೆದರೆ ಎಂಜಿನ್ ಚೆನ್ನಾಗಿಯೇ ತಿರುಗುತ್ತದೆ, ಸ್ಟಾರ್ಟ್ ಮಾತ್ರ ಆಗುವುದಿಲ್ಲ. ಟ್ಯಾಂಕಿನಲ್ಲಿ ಪೆಟ್ರೋಲ್ ಇದೆ, ಬ್ಯಾಟರಿಯೂ ಗಟ್ಟಿಯಾಗಿದೆ. ಗ್ಯಾರೇಜಿನಿಂದ ಬಂದವರು ಒಂದೆರಡು ನಿಮಿಷ ನೋಡಿ, ‘ಫ್ಯೂಯಲ್ ಪಂಪ್ ಹೋಗಿದೆ ಸಾರ್, ಹೊಸದು ಹಾಕಬೇಕು’ ಎನ್ನುತ್ತಾರೆ. ಮಾತು ನಿಜವೂ ಇರಬಹುದು. ಆದರೆ ಈಗಿನ ಕಾರುಗಳಲ್ಲಿ ಪಂಪನ್ನಷ್ಟೇ ಬಿಡಿಯಾಗಿ ಕೊಡುವುದು ಕಡಿಮೆ. ಫಿಲ್ಟರ್, ಒತ್ತಡ ನಿಯಂತ್ರಿಸುವ ರೆಗ್ಯುಲೇಟರ್, ಪೆಟ್ರೋಲ್ ಎಷ್ಟಿದೆ ಎಂದು ತೋರಿಸುವ ಫ್ಲೋಟ್ ಎಲ್ಲ ಸೇರಿದ ಇಡೀ ಜೋಡಣೆಯನ್ನೇ ಕೊಳ್ಳಬೇಕು. ಅದಕ್ಕೆ ಸಾವಿರಗಟ್ಟಲೆ ರೂಪಾಯಿ. ಅಷ್ಟು ಸುರಿದ ಮೇಲೂ ಕಾರು ಮತ್ತೆ ಹಾಗೆಯೇ ನಿಂತರೆ, ಕಿತ್ತೆಸೆದ ಪಂಪಿನಲ್ಲಿ ದೋಷವೇ ಇರಲಿಲ್ಲ ಎಂಬುದು ಆಗ ತಿಳಿಯುತ್ತದೆ. ಇಂಥ ನಷ್ಟ ತಪ್ಪಿಸುವುದು ಕಷ್ಟವಲ್ಲ. ಪಂಪು ಕೆಟ್ಟಿದೆಯೇ ಎಂಬುದನ್ನು ಊಹಿಸಬೇಕಾಗಿಲ್ಲ, ಅಳೆದು ತಿಳಿಯಬಹುದು. ಅಳೆಯಬೇಕಾದವು ಮೂರು: ವೋಲ್ಟೇಜ್, ಒತ್ತಡ, ಹರಿವು.

ಕಾರಿಗೆ ಪಂಪೇ ಇಲ್ಲದ ಕಾಲವೂ ಇತ್ತು. 1908ರಲ್ಲಿ ಬಂದ ಫೋರ್ಡ್ ಮಾಡೆಲ್ ಟಿ ಕಾರಿನಲ್ಲಿ ಪೆಟ್ರೋಲ್ ತನ್ನ ಭಾರಕ್ಕೆ ತಾನೇ ಎಂಜಿನ್ನಿಗೆ ಇಳಿಯುತ್ತಿತ್ತು. ಕಡಿದಾದ ಏರಿನಲ್ಲಿ ಟ್ಯಾಂಕಿಗಿಂತ ಎಂಜಿನ್ನೇ ಮೇಲಾಗಿ ಪೆಟ್ರೋಲ್ ಬರುವುದು ನಿಲ್ಲುತ್ತಿದ್ದರಿಂದ, ಚಾಲಕರು ಕಾರನ್ನು ರಿವರ್ಸ್ ಗೇರಿನಲ್ಲಿ ಗುಡ್ಡ ಹತ್ತಿಸುತ್ತಿದ್ದರು. ಮುಂದೆ ಎಂಜಿನ್ನಿನ ಮಗ್ಗುಲಿಗೇ ಕೂತು, ಅದರ ಕ್ಯಾಮ್ ತಳ್ಳಿದಂತೆ ಬಡಿದುಕೊಳ್ಳುವ ಡಯಾಫ್ರಮ್ ಪಂಪ್ ಬಂತು. ನಮ್ಮ ಅಂಬಾಸಡರ್, ಪದ್ಮಿನಿಗಳಲ್ಲಿ ಇದ್ದುದು ಇದೇ. ಬೇಸಿಗೆಯ ಮಧ್ಯಾಹ್ನ ಬಾನೆಟ್ ಎತ್ತಿ, ಪಂಪಿನ ಮೇಲೆ ಒದ್ದೆ ಬಟ್ಟೆ ಸುತ್ತಿ, ತಣ್ಣಗಾಗುವವರೆಗೆ ಮರದ ನೆರಳಲ್ಲಿ ಕಾಯುತ್ತಿದ್ದ ಚಾಲಕರನ್ನು ಹಿರಿಯರೆಲ್ಲ ಕಂಡಿರುತ್ತಾರೆ. ಅದು ಮೂಢನಂಬಿಕೆಯಾಗಿರಲಿಲ್ಲ, ಶುದ್ಧ ಭೌತಶಾಸ್ತ್ರವೇ ಆಗಿತ್ತು. ಪೆಟ್ರೋಲ್ ನೂರಾರು ಹೈಡ್ರೋಕಾರ್ಬನ್‌ಗಳ ಮಿಶ್ರಣ. ಅದರ ಹಗುರ ಅಂಶಗಳು 40 ಡಿಗ್ರಿ ಸೆಲ್ಸಿಯಸ್‌ನ ಆಸುಪಾಸಿನಲ್ಲೇ ಕುದಿಯತೊಡಗುತ್ತವೆ. ಎಂಜಿನ್ ಬಳಿಯ ಪಂಪು ದೂರದ ಟ್ಯಾಂಕಿನಿಂದ ಹೀರಿದಾಗ ಪೈಪಿನೊಳಗೆ ಒತ್ತಡ ಇಳಿಯುತ್ತದೆ, ಒತ್ತಡ ಇಳಿದರೆ ಕುದಿಯುವ ಬಿಂದುವೂ ಇಳಿಯುತ್ತದೆ. ಪೈಪಿನಲ್ಲೇ ಆವಿ ಎದ್ದು, ದ್ರವವನ್ನು ದೂಡಲೆಂದು ಮಾಡಿದ ಪಂಪು ಬರೀ ಆವಿಯನ್ನು ಹಿಸುಕುತ್ತ ಕೂರುತ್ತದೆ.

2000ದ ಸುಮಾರಿಗೆ ಹೊಗೆ ನಿಯಮಗಳು ಬಿಗಿಯಾಗಿ ಕಾರ್ಬುರೇಟರ್ ಹೋಯಿತು, ಇಂಜೆಕ್ಟರ್‌ಗಳಿಂದ ಪೆಟ್ರೋಲ್ ಚಿಮ್ಮಿಸುವ ಎಂಪಿಎಫ್‌ಐ ವ್ಯವಸ್ಥೆ ಬಂತು. ಇಂಜೆಕ್ಟರ್‌ನ ಸೂಕ್ಷ್ಮ ರಂಧ್ರಗಳಿಂದ ಪೆಟ್ರೋಲನ್ನು ಮಂಜಿನಂತೆ ಚಿಮ್ಮಿಸಲು ಡಯಾಫ್ರಮ್ ಪಂಪಿನ ಬಲ ಸಾಲದು. ಹೀಗಾಗಿ ಪಂಪು ವಿದ್ಯುತ್ ಮೋಟಾರ್ ಆಯಿತು, ಟ್ಯಾಂಕಿನೊಳಗೇ ಮುಳುಗಿ ಕೂತಿತು. ಬೋರ್‌ವೆಲ್ ಇರುವ ರೈತರಿಗೆ ಈ ಏರ್ಪಾಡನ್ನು ಬಿಡಿಸಿ ಹೇಳಬೇಕಿಲ್ಲ. ಸಬ್‌ಮರ್ಸಿಬಲ್ ಪಂಪನ್ನು ಕೊಳವೆಬಾವಿಯ ಆಳಕ್ಕೆ ಇಳಿಬಿಡುವುದು ಯಾಕೋ ಇದೂ ಅದಕ್ಕೇ: ಮೇಲಿನಿಂದ ಹೀರುವುದಕ್ಕೆ ಮಿತಿಯಿದೆ, ಕೆಳಗಿನಿಂದ ತಳ್ಳುವುದು ಸಲೀಸು. ಸುತ್ತಲಿನ ದ್ರವವೇ ಮೋಟಾರನ್ನು ತಂಪಾಗಿಡುತ್ತದೆ. ನೀರಿಲ್ಲದೆ ಓಡಿದರೆ ಬೋರಿನ ಮೋಟಾರು ಸುಡುವ ಹಾಗೆ ಪೆಟ್ರೋಲಿಲ್ಲದೆ ಓಡಿದರೆ ಇದೂ ಕೆಡುತ್ತದೆ. ತಳ್ಳಿದ ಪೆಟ್ರೋಲ್ ಒತ್ತಡದಲ್ಲಿರುವುದರಿಂದ ಕುದಿಯುವ ಬಿಂದು ಏರಿ, ಆವಿಯ ಕಾಟವೂ ಬಹುಮಟ್ಟಿಗೆ ತಪ್ಪಿತು.

ಪೆಟ್ರೋಲಿನಲ್ಲಿ ಮುಳುಗಿದ ಮೋಟಾರಿನ ಕಾರ್ಬನ್ ಬ್ರಷ್‌ಗಳು ಕಿಡಿ ಹಾರಿಸುತ್ತವೆ, ಆದರೂ ಬೆಂಕಿ ಯಾಕೆ ಹತ್ತುವುದಿಲ್ಲ? ಪೆಟ್ರೋಲ್ ಆವಿ ಹೊತ್ತಿಕೊಳ್ಳಬೇಕಾದರೆ ಗಾಳಿಯಲ್ಲಿ ಅದರ ಪ್ರಮಾಣ ಸುಮಾರು ಶೇ 1.4ರಿಂದ ಶೇ 7.6ರ ನಡುವೆ ಇರಬೇಕು. ಮುಚ್ಚಿದ ಟ್ಯಾಂಕಿನಲ್ಲಿ ಆವಿ ಇದಕ್ಕಿಂತ ಎಷ್ಟೋ ದಟ್ಟವಾಗಿರುತ್ತದೆ. ಮೋಟಾರಿನ ಒಳಗಂತೂ ದ್ರವ ತುಂಬಿರುವುದರಿಂದ ಗಾಳಿಗೆ ಜಾಗವೇ ಇಲ್ಲ. ಉರಿಯಲು ಬೇಕಾದ ಆಮ್ಲಜನಕ ಸಾಲದೆ ಕಿಡಿ ಅಲ್ಲೇ ಸಾಯುತ್ತದೆ. ಅದೇ ಟ್ಯಾಂಕನ್ನು ತೆರೆದಾಗ ಹೊರಬಂದ ಆವಿ ಗಾಳಿಯೊಡನೆ ಬೆರೆಯುತ್ತ ಹೋದಂತೆ ಎಲ್ಲೋ ಒಂದು ಕಡೆ ಸರಿಯಾಗಿ ಆ ಅಪಾಯದ ಪ್ರಮಾಣಕ್ಕೆ ಬಂದೇ ಬರುತ್ತದೆ. ಪಂಪು ಬದಲಿಸುವಾಗಿನ ಎಚ್ಚರಿಕೆಗಳೆಲ್ಲ ಹುಟ್ಟುವುದು ಇಲ್ಲಿಂದ.

ಸಾಮಾನ್ಯ ಎಂಪಿಎಫ್‌ಐ ಕಾರಿನಲ್ಲಿ ಪಂಪು 3ರಿಂದ 4 ಬಾರ್ ಒತ್ತಡ ಕೊಡುತ್ತದೆ, ಅಂದರೆ ಸುಮಾರು 43ರಿಂದ 58 ಪಿಎಸ್‌ಐ. ಮೋಟಾರಿನ ತುದಿಯಲ್ಲಿರುವ, ಅಂಚಿನಲ್ಲಿ ಪುಟ್ಟ ಅಲಗುಗಳಿರುವ ಪ್ಲಾಸ್ಟಿಕ್ ಇಂಪೆಲರ್ ನಿಮಿಷಕ್ಕೆ ಸಾವಿರಾರು ಸುತ್ತು ತಿರುಗಿ ಇಷ್ಟನ್ನೂ ಮಾಡುತ್ತದೆ. ಲೀಟರಿಗೆ 15 ಕಿಲೋಮೀಟರ್ ಕೊಡುವ ಕಾರು ಗಂಟೆಗೆ 60 ಕಿಲೋಮೀಟರ್ ವೇಗದಲ್ಲಿ ಹೋಗುವಾಗ ಸುಡುವುದು ಗಂಟೆಗೆ 4 ಲೀಟರ್ ಮಾತ್ರ. ಪಂಪಿನ ಸಾಮರ್ಥ್ಯವೋ ಹಲವು ಕಾರುಗಳಲ್ಲಿ ಗಂಟೆಗೆ 80 ಲೀಟರ್ ದಾಟಿರುತ್ತದೆ. ಹೆಚ್ಚಾದದ್ದನ್ನು ರೆಗ್ಯುಲೇಟರ್ ಟ್ಯಾಂಕಿಗೇ ಮರಳಿಸುತ್ತದೆ. ಈ ಧಾರಾಳದಿಂದಲೇ ರೋಗ ಬೇಗ ತಿಳಿಯುವುದಿಲ್ಲ. ಪಂಪಿನ ಶಕ್ತಿ ಅರ್ಧಕ್ಕೆ ಇಳಿದಿದ್ದರೂ ಊರೊಳಗಿನ ಓಡಾಟಕ್ಕೆ ಏನೂ ಕೊರತೆಯಿಲ್ಲ. ಮನೆಮಂದಿಯೆಲ್ಲ ಕೂತು, ಎಸಿ ಹಾಕಿಕೊಂಡು ಶಿರಾಡಿಯನ್ನೋ ಚಾರ್ಮಾಡಿಯನ್ನೋ ಹತ್ತುವಾಗ ಪಿಕಪ್ ಸಾಯುತ್ತದೆ, ಕಾರು ಜರ್ಕ್ ಹೊಡೆಯುತ್ತದೆ.

ಪರೀಕ್ಷೆ ಶುರುವಾಗಬೇಕಾದ್ದು ಕಿವಿಯಿಂದ. ಕೀ ತಿರುಗಿಸಿ ಆನ್‌ಗೆ ತಂದು, ಸ್ಟಾರ್ಟ್ ಮಾಡದೆ ಹಿಂದಿನ ಸೀಟಿನ ಕಡೆ ಕಿವಿಗೊಡಿ. ಬಹುತೇಕ ಕಾರುಗಳಲ್ಲಿ ಎರಡು ಸೆಕೆಂಡು ಸಣ್ಣಗೆ ಗುಂಯ್‌ಗುಟ್ಟುವ ಸದ್ದು ಕೇಳುತ್ತದೆ. ಎಂಜಿನ್ನನ್ನು ನಿಯಂತ್ರಿಸುವ ಕಂಪ್ಯೂಟರ್, ಅಂದರೆ ಇಸಿಯು, ಪಂಪನ್ನು ಓಡಿಸಿ ಪೈಪಿನಲ್ಲಿ ಒತ್ತಡ ತುಂಬಿಸಿಕೊಳ್ಳುತ್ತಿದೆ ಎಂದರ್ಥ. ಸದ್ದೇ ಇಲ್ಲ ಎಂದಮಾತ್ರಕ್ಕೆ ಪಂಪು ಸತ್ತಿದೆ ಎನ್ನುವಂತಿಲ್ಲ. ಫ್ಯೂಸ್, ರಿಲೇ, ವೈರು, ಅರ್ತ್, ಇಸಿಯುವಿನ ಅಪ್ಪಣೆ ಇವನ್ನೆಲ್ಲ ದಾಟಿ ಕರೆಂಟು ಅಲ್ಲಿಗೆ ತಲುಪಬೇಕು. ಹಾರ್ನ್‌ಗೂ ಪಂಪಿಗೂ ಒಂದೇ ಬಗೆಯ ರಿಲೇ ಇರುವ ಕಾರುಗಳಲ್ಲಿ ಎರಡನ್ನೂ ಅದಲುಬದಲು ಮಾಡಿದರೆ ಒಂದು ಅನುಮಾನ ಅಲ್ಲೇ ಬಗೆಹರಿಯುತ್ತದೆ. ಎರಡು ಸೆಕೆಂಡು ಓಡಿ, ಸೆಲ್ಫ್ ಹೊಡೆಯುವಾಗ ಪಂಪು ಸುಮ್ಮನಾದರೆ ಕ್ರ್ಯಾಂಕ್ ಸೆನ್ಸರ್ ಕಡೆ ನೋಡಬೇಕು. ಎಂಜಿನ್ ತಿರುಗುತ್ತಿದೆ ಎಂಬ ಸುದ್ದಿ ಆ ಸೆನ್ಸರ್‌ನಿಂದ ಬಾರದಿದ್ದರೆ ಇಸಿಯು ಪಂಪನ್ನು ಬೇಕೆಂದೇ ನಿಲ್ಲಿಸುತ್ತದೆ. ಅಪಘಾತದಲ್ಲಿ ಪೈಪು ಹರಿದರೆ ಪೆಟ್ರೋಲ್ ಚಿಮ್ಮುತ್ತಲೇ ಇರಬಾರದೆಂದು ಮಾಡಿರುವ ಒಳ್ಳೆಯ ವ್ಯವಸ್ಥೆ ಇದು. ಟ್ಯಾಂಕಿನ ತಳವನ್ನು ರಬ್ಬರ್ ಸುತ್ತಿಗೆಯಿಂದ ಮೆಲ್ಲಗೆ ತಟ್ಟಿದ ಕೂಡಲೇ ಪಂಪು ಎಚ್ಚೆತ್ತರೆ ಆಗ ಮಾತ್ರ ಅನುಮಾನ ಬಲವಾಗಿ ಮೋಟಾರಿನ ಮೇಲೆ ಬೀಳುತ್ತದೆ. ಬ್ರಷ್‌ಗಳು ಸವೆದು ಸಂಪರ್ಕ ತಪ್ಪುತ್ತಿರುತ್ತದೆ. ಆ ತಟ್ಟು ಮನೆ ತಲುಪಿಸಬಹುದು, ಅದನ್ನು ರಿಪೇರಿ ಎಂದುಕೊಳ್ಳಬಾರದು.

ಹೆಚ್ಚು ಜನ ಮೋಸಹೋಗುವುದು ವೋಲ್ಟೇಜ್ ಅಳೆಯುವಲ್ಲಿ. ಪಂಪಿನ ಸಾಕೆಟ್ ಕಳಚಿ ಮಲ್ಟಿಮೀಟರ್ ಹಿಡಿದರೆ 12 ವೋಲ್ಟ್ ತೋರಿಸುತ್ತದೆ. ‘ಕರೆಂಟ್ ಬರ್ತಿದೆ, ಪಂಪೇ ಹೋಗಿದೆ’ ಎಂಬ ತೀರ್ಮಾನ ಹೊರಬೀಳುತ್ತದೆ. ಈ ಪರೀಕ್ಷೆಗೆ ಬೆಲೆಯಿಲ್ಲ. ಮೀಟರ್ ತೆಗೆದುಕೊಳ್ಳುವ ಕರೆಂಟು ತೀರಾ ಅಲ್ಪ, ತುಕ್ಕು ತಿಂದ ಸಂಪರ್ಕವೂ ಅಷ್ಟನ್ನು ಸುಖವಾಗಿ ಸಾಗಿಸುತ್ತದೆ. ಪಂಪು ಕೇಳುವುದು 5 ಆಂಪಿಯರ್‌ನಷ್ಟು. ಶಾಲೆಯಲ್ಲಿ ಕಲಿತ ಓಮ್‌ನ ನಿಯಮ ಇಲ್ಲಿ ಕೆಲಸಕ್ಕೆ ಬರುತ್ತದೆ: ಸಾಕೆಟ್ಟಿನಲ್ಲಿ ಬರೀ 0.4 ಓಮ್ ತಡೆ ಇದ್ದರೂ 5 ಆಂಪಿಯರ್ ಹರಿದಾಗ 2 ವೋಲ್ಟ್ ಅಲ್ಲೇ ಸೋರಿಹೋಗುತ್ತದೆ. ಸೆಲ್ಫ್ ಹೊಡೆಯುವಾಗ ಬ್ಯಾಟರಿಯೇ 10 ವೋಲ್ಟ್ ಆಸುಪಾಸಿಗೆ ಇಳಿದಿರುತ್ತದೆ. ಪಂಪಿಗೆ ದಕ್ಕುವುದು 8. ಮೋಟಾರು ನಿಧಾನವಾಗಿ ಒತ್ತಡ ಬೀಳುತ್ತದೆ, ಎಂಜಿನ್ ಸ್ಟಾರ್ಟ್ ಆಗುವುದಿಲ್ಲ. ಆ ಸಾಕೆಟ್ಟಿನಲ್ಲಿ 10 ವಾಟ್ ಶಾಖವೂ ಹುಟ್ಟುವುದರಿಂದ ಪ್ಲಾಸ್ಟಿಕ್ ಕಂದಿ ಕರಗತೊಡಗುತ್ತದೆ. ಆದ್ದರಿಂದ ಸಾಕೆಟ್ ಜೋಡಿಸಿಟ್ಟು, ಪಂಪು ಓಡುತ್ತಿರುವಾಗಲೇ ಅಳೆಯಬೇಕು. ಬ್ಯಾಟರಿಯಲ್ಲಿರುವುದಕ್ಕೂ ಪಂಪಿನ ಬಳಿ ಸಿಗುವುದಕ್ಕೂ ಅರ್ಧ ವೋಲ್ಟ್‌ಗಿಂತ ಬಹಳ ಅಂತರ ಇರಬಾರದು. ಅರ್ತ್ ವೈರನ್ನು ಅಳೆಯದೆ ಬಿಡುವವರೇ ಹೆಚ್ಚು. ಹೋದ ಕರೆಂಟು ಹಿಂದಿರುಗುವ ದಾರಿಯೂ ಅಷ್ಟೇ ಚೊಕ್ಕವಾಗಿರಬೇಕು.

ವೋಲ್ಟೇಜ್ ಸರಿಯಿದ್ದರೆ ಮುಂದಿನ ಸಾಕ್ಷಿ ಪ್ರೆಷರ್ ಗೇಜ್. ಇಂಜೆಕ್ಟರ್‌ಗಳಿಗೆ ಹೋಗುವ ಪೈಪಿಗೆ ಅದನ್ನು ಜೋಡಿಸಿ, ಆ ಮಾಡೆಲ್‌ನ ಸರ್ವಿಸ್ ಪುಸ್ತಕದಲ್ಲಿರುವ ಅಂಕಿಯೊಂದಿಗೆ ಹೋಲಿಸಬೇಕು. ಎಂಜಿನ್ ಆಫ್ ಮಾಡಿದ ಮೇಲೂ ಒತ್ತಡ ಸ್ವಲ್ಪ ಹೊತ್ತು ನಿಲ್ಲಬೇಕು, ಪಂಪಿನ ಬಾಯಲ್ಲಿರುವ ಚೆಕ್ ವಾಲ್ವ್ ಅದನ್ನು ಹಿಡಿದಿಡುತ್ತದೆ. ತಕ್ಷಣ ಸೊನ್ನೆಗೆ ಇಳಿದರೆ ಆ ವಾಲ್ವ್ ಸೋರುತ್ತಿದೆ, ಇಲ್ಲವೇ ಇಂಜೆಕ್ಟರ್ ಅಥವಾ ರೆಗ್ಯುಲೇಟರ್ ಸೋರುತ್ತಿದೆ. ಬೆಳಗ್ಗೆ ಬಹಳ ಹೊತ್ತು ಸೆಲ್ಫ್ ಹೊಡೆಯಬೇಕಾಗುವ, ಒಮ್ಮೆ ಸ್ಟಾರ್ಟ್ ಆದರೆ ದಿನವಿಡೀ ಚೆನ್ನಾಗಿ ಓಡುವ ಕಾರುಗಳ ಕಾಯಿಲೆ ಬಹಳ ಸಲ ಇದೇ. ಒತ್ತಡ ಸರಿಯಿದ್ದೂ ಹರಿವು ಸಾಲದಿರುವುದೂ ಉಂಟು. ಕಟ್ಟಿಕೊಂಡ ಫಿಲ್ಟರ್ ದಾಟಿ ನಿಧಾನವಾಗಿ ಬಂದ ಪೆಟ್ರೋಲ್ ಐಡಲ್‌ನಲ್ಲಿ ಪೂರ್ತಿ ಒತ್ತಡ ತೋರಿಸಿ, ಆಕ್ಸಿಲರೇಟರ್ ತುಳಿದಾಗ ಕುಸಿಯುತ್ತದೆ. ಗಂಟೆಗೆ 90 ಲೀಟರ್ ಕೊಡಬೇಕಾದ ಪಂಪು ಅರ್ಧ ನಿಮಿಷದಲ್ಲಿ ಮುಕ್ಕಾಲು ಲೀಟರ್ ಹರಿಸಬೇಕು. ಅದನ್ನು ಹಿಡಿದು ಅಳೆದರೆ ಉತ್ತರ ಸಿಗುತ್ತದೆ. ತೆರೆದ ಪೆಟ್ರೋಲಿನ ಕೆಲಸವಾದ್ದರಿಂದ ಇದನ್ನು ಬಲ್ಲ ಮೆಕ್ಯಾನಿಕ್ಕೇ ಮಾಡಬೇಕು.

ಸ್ಕ್ಯಾನರ್ ಹಾಕಿದರೆ ಇನ್ನೊಂದು ಸುಳಿವು ಸಿಗುತ್ತದೆ, ನನಗಂತೂ ಇಡೀ ಪರೀಕ್ಷೆಯಲ್ಲಿ ಬಹಳ ಮೆಚ್ಚಿನದು. ಸೈಲೆನ್ಸರ್ ಪೈಪಿನಲ್ಲಿರುವ ಆಕ್ಸಿಜನ್ ಸೆನ್ಸರ್ ನೋಡಿ ಇಸಿಯು ಪೆಟ್ರೋಲನ್ನು ಶೇಕಡಾ ಎಷ್ಟು ಹೆಚ್ಚು ಕಡಿಮೆ ಮಾಡುತ್ತಿದೆ ಎಂಬ ಲೆಕ್ಕಕ್ಕೆ ಫ್ಯೂಯಲ್ ಟ್ರಿಮ್ ಎನ್ನುತ್ತಾರೆ. ಐಡಲ್‌ನಲ್ಲಿ ಶೇ 15 ಹೆಚ್ಚಿದ್ದು, ಆರ್‌ಪಿಎಂ ಏರಿದಂತೆ ಸೊನ್ನೆಯ ಕಡೆ ಇಳಿದರೆ ಎಲ್ಲೋ ಸೀಳಿನಿಂದ ಗಾಳಿ ನುಗ್ಗುತ್ತಿದೆ. ಐಡಲ್‌ನಲ್ಲಿ ಸರಿಯಿದ್ದು, ಭಾರ ಬಿದ್ದಂತೆ ಏರುತ್ತ ಹೋದರೆ ಪೆಟ್ರೋಲ್ ಸಾಲುತ್ತಿಲ್ಲ. ಎರಡರಲ್ಲೂ ಚೆಕ್ ಎಂಜಿನ್ ಲೈಟ್ ಹತ್ತಿ ಒಂದೇ ಪಿ0171 ಕೋಡ್ ಬರಬಹುದು. ಕೋಡ್ ಓದಿ ಪಾರ್ಟ್ ಬದಲಿಸುವವರಿಗೂ ಕಾಯಿಲೆ ಗುರುತಿಸುವವರಿಗೂ ಇರುವ ವ್ಯತ್ಯಾಸ ಇಲ್ಲಿ ಕಾಣುತ್ತದೆ.

ಇನ್ನು ಪಂಪು ನಿಜಕ್ಕೂ ಸಾಯುವುದು ಹೇಗೆ? ಸದಾ ರಿಸರ್ವ್‌ನಲ್ಲೇ ಓಡಿಸುವುದು ಒಂದು ಕಾರಣ. ತಂಪು ಮಾಡುವ ಪೆಟ್ರೋಲ್ ಕಡಿಮೆಯಾಗಿ, ತಿರುವುಗಳಲ್ಲಿ ಅದು ಒಂದೆಡೆಗೆ ಸರಿದಾಗ ಪಂಪು ಗಾಳಿ ಕುಡಿಯುತ್ತದೆ. ಟ್ಯಾಂಕಿನ ತಳದ ಕೆಸರು, ತುಕ್ಕು, ನೀರು ಮತ್ತೊಂದು. ಎಥೆನಾಲ್ ಬೆರೆತ ಮೇಲೆ ನೀರಿನ ವಿಚಾರಕ್ಕೆ ಹೆಚ್ಚಿನ ಗಮನ ಬೇಕಾಗಿದೆ. ಶೇ 20 ಎಥೆನಾಲ್ ಇರುವ ಪೆಟ್ರೋಲನ್ನು, ಅಂದರೆ ಇ20ಯನ್ನು, ದೇಶದಲ್ಲಿ ಮೊದಲು ಬಿಡುಗಡೆ ಮಾಡಿದ್ದು ಬೆಂಗಳೂರಿನಲ್ಲಿ, 2023ರ ಫೆಬ್ರವರಿ 6ರಂದು. ಎಥೆನಾಲ್ ನೀರನ್ನು ಸೆಳೆದುಕೊಳ್ಳುತ್ತದೆ. ಮಿತಿ ಮೀರಿದರೆ ನೀರೂ ಎಥೆನಾಲೂ ಬೇರ್ಪಟ್ಟು ತಳಕ್ಕೆ, ಪಂಪು ಹೀರುವ ಜಾಗಕ್ಕೇ ಇಳಿಯುತ್ತವೆ. ಇ20ಗೆಂದು ಮಾಡಿರದ ಹಳೆಯ ಕಾರುಗಳ ರಬ್ಬರ್ ಭಾಗಗಳ ಮೇಲೂ ಅದು ಪರಿಣಾಮ ಬೀರಬಲ್ಲದು. ಜೊತೆಗೆ ಲೆಕ್ಕವೂ ಬದಲಾಗುತ್ತದೆ. ಒಂದು ಗ್ರಾಂ ಪೆಟ್ರೋಲ್ ಪೂರ್ತಿ ಉರಿಯಲು 14.7 ಗ್ರಾಂ ಗಾಳಿ ಬೇಕಾದರೆ ಎಥೆನಾಲ್‌ಗೆ 9 ಗ್ರಾಂ ಸಾಕು. ಅಂದರೆ ಅಷ್ಟೇ ಗಾಳಿಗೆ ಇ20 ಸುಮಾರು ಶೇ 8ರಿಂದ 9ರಷ್ಟು ಹೆಚ್ಚು ಹರಿಯಬೇಕು. ಗಟ್ಟಿ ಪಂಪಿಗೆ ಇದು ಲೆಕ್ಕಕ್ಕಿಲ್ಲ, ಸೋತ ಪಂಪಿಗೆ ಭಾರ.

ಮಾಲೀಕರ ತಪ್ಪೇ ಇಲ್ಲದೆ ಕೆಟ್ಟ ಪಂಪುಗಳೂ ಇವೆ. ಡೆನ್ಸೊ ಕಂಪನಿಯ ಕೆಲವು ಪಂಪುಗಳಲ್ಲಿ ಇಂಪೆಲರ್‌ನ ಪ್ಲಾಸ್ಟಿಕ್ ಸಾಂದ್ರತೆ ಕಡಿಮೆಯಿದ್ದು, ಬಿರುಕು ಬಿಟ್ಟು, ಪೆಟ್ರೋಲ್ ಹೀರಿ ಉಬ್ಬಿ, ಸುತ್ತಲಿನ ಕವಚಕ್ಕೆ ಉಜ್ಜಿ ನಿಲ್ಲುವ ಸಾಧ್ಯತೆ ಇತ್ತು. ಇದಕ್ಕಾಗಿ 2020ರಿಂದ ಜಗತ್ತಿನಾದ್ಯಂತ ಟೊಯೊಟಾ ಮುಂತಾದ ಕಂಪನಿಗಳ ಲಕ್ಷಾಂತರ ಕಾರುಗಳನ್ನು ಹಿಂದಕ್ಕೆ ಕರೆಸಲಾಯಿತು. ಭಾರತದಲ್ಲಿ ಮಾರುತಿ ಸುಜುಕಿ 2020ರ ಜುಲೈನಲ್ಲಿ 1,34,885 ವ್ಯಾಗನ್ ಆರ್ ಮತ್ತು ಬಲೆನೊಗಳನ್ನು, ಹೋಂಡಾ 2024ರಲ್ಲಿ 90,468 ಕಾರುಗಳನ್ನು ಪಂಪಿನ ದೋಷದ ಅನುಮಾನದಿಂದ ಕರೆಸಿದವು. ಇಂಥ ಕರೆ ಇದ್ದರೆ ಬದಲಾವಣೆ ಉಚಿತ. ದುಡ್ಡು ಕೊಡುವ ಮೊದಲು ಕಂಪನಿಯ ಜಾಲತಾಣದಲ್ಲಿ ಚಾಸಿ ನಂಬರ್ ಹಾಕಿ ನೋಡುವುದು ಐದು ನಿಮಿಷದ ಕೆಲಸ.

ಬದಲಿಸಲೇಬೇಕೆಂದಾದರೆ ಟ್ಯಾಂಕಿನಲ್ಲಿ ಪೆಟ್ರೋಲ್ ಕಡಿಮೆ ಇರುವ ದಿನ, ಗಾಳಿಯಾಡುವ ಜಾಗದಲ್ಲಿ ಮಾಡಿಸಬೇಕು. ಪೆಟ್ರೋಲ್ ಆವಿ ಗಾಳಿಗಿಂತ ಭಾರ. ನೆಲದ ಮೇಲೆ ಹರಿದು ದೂರದ ಒಲೆಯನ್ನೋ ಸ್ವಿಚ್ಚನ್ನೋ ಮುಟ್ಟಬಲ್ಲದು. ಮೊದಲು ಪಂಪಿನ ಫ್ಯೂಸ್ ಕಿತ್ತು, ಎಂಜಿನ್ ತಾನಾಗಿ ಆಫ್ ಆಗುವವರೆಗೆ ಓಡಿಸಿ ಪೈಪಿನ ಒತ್ತಡ ಕಳೆಯುತ್ತಾರೆ. ಎಂಜಿನ್ ಸ್ಟಾರ್ಟೇ ಆಗದಿದ್ದರೆ ಒತ್ತಡವನ್ನು ಬಟ್ಟೆ ಸುತ್ತಿ ಜಾಗ್ರತೆಯಿಂದ ಇಳಿಸಬೇಕು. ಆಮೇಲೆ ಬ್ಯಾಟರಿಯ ನೆಗೆಟಿವ್ ಕಳಚುತ್ತಾರೆ. ಅನೇಕ ಹ್ಯಾಚ್‌ಬ್ಯಾಕ್‌ಗಳಲ್ಲಿ ಹಿಂದಿನ ಸೀಟು ಎತ್ತಿದರೆ ಮುಚ್ಚಳ ಸಿಗುತ್ತದೆ, ಕೆಲವದರಲ್ಲಿ ಟ್ಯಾಂಕನ್ನೇ ಇಳಿಸಬೇಕು. ಮುಚ್ಚಳದ ಸುತ್ತಲಿನ ಧೂಳನ್ನು ತೆರೆಯುವ ಮೊದಲೇ ಒರೆಸದಿದ್ದರೆ ಅದೆಲ್ಲ ಟ್ಯಾಂಕಿಗೆ ಬಿದ್ದು ಹೊಸ ಪಂಪಿನ ಆಹಾರವಾಗುತ್ತದೆ. ಬಿಗಿದುಕೊಂಡ ಲಾಕ್ ರಿಂಗನ್ನು ಕಬ್ಬಿಣದಿಂದ ಬಡಿಯುವುದನ್ನು ಕಂಡರೆ ತಡೆಯಿರಿ. ಹಿತ್ತಾಳೆಯ ಉಪಕರಣವೋ ಅದಕ್ಕೆಂದೇ ಇರುವ ಟೂಲೋ ಬೇಕು, ಕಬ್ಬಿಣ ಕಿಡಿ ಹಾರಿಸುತ್ತದೆ. ಫ್ಲೋಟಿನ ಕಡ್ಡಿ ಬಾಗದಂತೆ ಜೋಡಣೆಯನ್ನು ಓರೆಯಾಗಿ ಎತ್ತಬೇಕು, ಬಾಗಿದರೆ ಪೆಟ್ರೋಲ್ ಮುಳ್ಳು ಸುಳ್ಳು ಹೇಳುತ್ತದೆ.

ಹಳೆಯ ಪಂಪು ಕೈಗೆ ಬಂದಾಗ ಅದರ ಬುಡದ ಜಾಲರಿಯನ್ನು ನೋಡದೆ ಎಸೆಯಬೇಡಿ. ಕಪ್ಪು ಕೆಸರು ಮೆತ್ತಿದ್ದರೆ ಟ್ಯಾಂಕನ್ನು ತೊಳೆಯದೆ ಹೊಸದನ್ನು ಇಳಿಸುವುದರಲ್ಲಿ ಅರ್ಥವಿಲ್ಲ. ಸಾಕೆಟ್ ಕಂದಿದ್ದರೆ ಅದನ್ನೂ ಬದಲಿಸಬೇಕು. ಮುಚ್ಚಳದ ರಬ್ಬರ್ ಸೀಲ್ ಹೊಸದೇ ಆಗಿರಬೇಕು, ಉಬ್ಬಿದ ಹಳೆಯದು ಸರಿಯಾಗಿ ಕೂರದೆ ಕಾರಿನೊಳಗೆ ಪೆಟ್ರೋಲ್ ವಾಸನೆ ಬರುತ್ತದೆ. ಎಲ್ಲ ಜೋಡಿಸಿ, ಕೀಯನ್ನು ಮೂರು ನಾಲ್ಕು ಸಲ ಆನ್ ಆಫ್ ಮಾಡಿ, ಸೋರಿಕೆ ಇಲ್ಲವೆಂದು ಕಂಡ ಮೇಲೇ ಸ್ಟಾರ್ಟ್ ಮಾಡುವುದು. ಅಷ್ಟಕ್ಕೆ ಬಿಲ್ ಕೊಟ್ಟು ಹೊರಡಬೇಡಿ. ಮೊದಲು ಹಾಕಿದ್ದ ಗೇಜನ್ನೇ ಮತ್ತೆ ಹಾಕಿಸಿ, ಅಂಕಿ ಬರೆದುಕೊಳ್ಳಿ, ಎಂಜಿನ್ ಆಫ್ ಮಾಡಿ ಒತ್ತಡ ನಿಲ್ಲುವುದನ್ನು ನೋಡಿ. ಸ್ಕ್ಯಾನರ್ ಇಟ್ಟುಕೊಂಡೇ ಒಂದು ಏರು ಹತ್ತಿಸಿ ಬನ್ನಿ. ಟ್ರಿಮ್ ಈಗಲೂ ಏರುತ್ತಲೇ ಇದ್ದರೆ ಕಾರಣ ಬೇರೆಯೇ ಇದೆ. ಕಿತ್ತ ಪಂಪನ್ನು ಗ್ಯಾರೇಜಿನಲ್ಲೇ ಬಿಡದೆ ಡಿಕ್ಕಿಯಲ್ಲಿ ಹಾಕಿಕೊಳ್ಳಿ.