ತೇಗದ ಯುದ್ಧನೌಕೆ ‘ವೆಲೆಸ್ಲಿ’ (1815–1940)

ಯುದ್ಧನೌಕೆಗಳ ಚರಿತ್ರೆಯನ್ನು ಬರೆಯುವವರು ಸಾಮಾನ್ಯವಾಗಿ ಅವು ನೀರಿಗಿಳಿದ ದಿನದಿಂದ ಆರಂಭಿಸಿ, ಅವು ಕಾದಿದ ಕದನಗಳನ್ನೂ ಅವನ್ನು ನಡೆಸಿದ ದಳಪತಿಗಳನ್ನೂ ಎಣಿಸಿ ಮುಗಿಸುತ್ತಾರೆ. ಮರದ ಹಡಗಿನ ಮಟ್ಟಿಗೆ ಈ ಕ್ರಮ ಸಾಲದು; ಅದರ ಚರಿತ್ರೆ ಕಾಡಿನಿಂದಲೇ ಮೊದಲಾಗಬೇಕು. ಮುಂಬಯಿಯಲ್ಲಿ ಹುಟ್ಟಿ, ಬ್ರಿಟಿಷ್ ನೌಕಾಬಲದಲ್ಲಿ ದುಡಿದು, 125 ವರ್ಷಗಳ ತರುವಾಯ ಥೇಮ್ಸ್ ನದಿಯಲ್ಲಿ ಮುಳುಗಿದ ‘ವೆಲೆಸ್ಲಿ’ ಎಂಬ ಹಾಯಿಹಡಗು ಇದಕ್ಕೆ ತಕ್ಕ ನಿದರ್ಶನ.

ಫ್ರಾನ್ಸಿನೊಡನೆ ನಡೆದ ದೀರ್ಘ ಯುದ್ಧಗಳ ಕಾಲದಲ್ಲಿ ಇಂಗ್ಲೆಂಡಿನಲ್ಲಿ ಹಡಗಿಗೆ ಯೋಗ್ಯವಾದ ಓಕ್ ಮರ ವಿರಳವಾಯಿತು. ಆಗ ನೌಕಾಡಳಿತದ ದೃಷ್ಟಿ ಭಾರತದ ಪಶ್ಚಿಮ ಕರಾವಳಿಯ ತೇಗದ ಮೇಲೆ ಬಿದ್ದಿತು. ತೇಗದಲ್ಲಿ ಎಣ್ಣೆಯ ಅಂಶವಿರುವುದರಿಂದ ಅದು ಬೇಗ ಕೊಳೆಯುವುದಿಲ್ಲ. ಅಲ್ಲದೆ, ಓಕಿನಲ್ಲಿರುವ ಆಮ್ಲವು ಕಬ್ಬಿಣದ ಮೊಳೆಗಳನ್ನು ತಿಂದುಹಾಕುತ್ತದೆ. ತೇಗವಾದರೋ ಕಬ್ಬಿಣವನ್ನು ಕಾಪಾಡುತ್ತದೆ. ಹಡಗಿನ ಆಯುಷ್ಯವನ್ನು ನಿರ್ಧರಿಸುವ ಗುಣಗಳು ಇವೇ.

ಈ ತೇಗ ಬ್ರಿಟಿಷರ ಕೈಸೇರಿದ ಬಗೆಯೂ ಗಮನಾರ್ಹ. 1792ರಲ್ಲಿ ಮಲಬಾರ್, 1799ರಲ್ಲಿ ಶ್ರೀರಂಗಪಟ್ಟಣದ ಪತನದೊಡನೆ ಕೆನರಾ, ಹೀಗೆ ಕರಾವಳಿಯ ಕಾಡುಗಳು ಕಂಪನಿಯ ವಶವಾದುವು. 1806ರಲ್ಲಿ ಕ್ಯಾಪ್ಟನ್ ವಾಟ್ಸನ್ ಎಂಬಾತನು ಮಲಬಾರಿನ ಅರಣ್ಯ ಸಂರಕ್ಷಕನಾಗಿ ನೇಮಕಗೊಂಡನು. ‘ಸಂರಕ್ಷಣೆ’ ಎಂಬ ಮಾತಿಗೆ ಅಂದು ಇದ್ದ ಅರ್ಥ ಹಡಗುಗಳಿಗೆ ಬೇಕಾದ ತೇಗವನ್ನು ಕಾದಿರಿಸುವುದೆಂದೇ ಆಗಿತ್ತು. ಮರದ ಮೇಲಿನ ಹಕ್ಕು ಸರ್ಕಾರದ್ದಾಯಿತು; ಕಾಡಿನ ಒಡೆಯರಿಗೂ ರೈತರಿಗೂ ವ್ಯಾಪಾರಿಗಳಿಗೂ ಕೊಡಲಿಯನ್ನು ಎತ್ತುವಂತಿರಲಿಲ್ಲ. ಅಸಮಾಧಾನ ಬೆಳೆಯಿತು. ಒಂದು ಕಾಲಕ್ಕೆ ಕೆನರಾದ ಕಲೆಕ್ಟರನಾಗಿದ್ದ ಥಾಮಸ್ ಮನ್ರೋ ಮದರಾಸಿನ ಗವರ್ನರನಾದ ಮೇಲೆ, 1823ರಲ್ಲಿ, ಈ ಹುದ್ದೆಯನ್ನೇ ರದ್ದುಪಡಿಸಲಾಯಿತು.

ಮಲಬಾರ್ ಮತ್ತು ಕೆನರಾದ ತೇಗವು ಸಮುದ್ರಮಾರ್ಗವಾಗಿ ಮುಂಬಯಿಯ ಹಡಗುಕಟ್ಟೆಯನ್ನು ಸೇರುತ್ತಿತ್ತು. 1736ರಲ್ಲಿ ಸೂರತಿನಿಂದ ಅಲ್ಲಿಗೆ ಬಂದ ಲವ್ಜಿ ನಸರ್‌ವಾನ್‌ಜಿ ವಾಡಿಯಾ ಅವರ ವಂಶದ ಪಾರಸಿ ಶಿಲ್ಪಿಗಳು ತಲೆಮಾರುಗಳಿಂದ ಅಲ್ಲಿ ಹಡಗು ಕಟ್ಟುತ್ತಿದ್ದರು. ಈ ವಂಶದ ಜಮ್‌ಶೇಟ್‌ಜಿ ಬೊಮನ್‌ಜಿಯವರು 1810ರಲ್ಲಿ ‘ಮಿಂಡೆನ್’, 1813ರಲ್ಲಿ ‘ಕಾರ್ನ್‌ವಾಲಿಸ್’ ಎಂಬ 74 ಫಿರಂಗಿಗಳ ನೌಕೆಗಳನ್ನು ಕಟ್ಟಿದರು. ‘ವೆಲೆಸ್ಲಿ’ಯ ನಿರ್ಮಾಣಕ್ಕಾಗಿ ಲಂಡನ್ನಿನಿಂದ ಕಳುಹಿಸಿದ ನಕ್ಷೆಗಳು ದಾರಿಯಲ್ಲೇ ನಷ್ಟವಾದುವು, ಅವುಗಳನ್ನು ತರುತ್ತಿದ್ದ ‘ಜಾವಾ’ ನೌಕೆಯು 1812ರ ಡಿಸೆಂಬರಿನಲ್ಲಿ ಅಮೆರಿಕನ್ನರಿಗೆ ಸೋತು ನಾಶವಾಯಿತು. ಆದಕಾರಣ ‘ಕಾರ್ನ್‌ವಾಲಿಸ್’ ನೌಕೆಯ ಮಾದರಿಯಲ್ಲಿಯೇ ಹೊಸ ನೌಕೆಯನ್ನು ಕಟ್ಟಲಾಯಿತು. 1815ರ ಫೆಬ್ರವರಿ 24ರಂದು ಅದು ನೀರಿಗಿಳಿಯಿತು. ಅದಕ್ಕಿಟ್ಟ ಹೆಸರು ಮೈಸೂರಿನ ಚರಿತ್ರೆಗೆ ಅಪರಿಚಿತವಲ್ಲ. 1799ರಲ್ಲಿ ರಿಚರ್ಡ್ ವೆಲೆಸ್ಲಿ ಗವರ್ನರ್ ಜನರಲ್ ಆಗಿದ್ದನು. ಅವನ ತಮ್ಮ ಆರ್ಥರ್ ಶ್ರೀರಂಗಪಟ್ಟಣದ ಮುತ್ತಿಗೆಯಲ್ಲಿದ್ದನು.

ನೌಕೆ ಸಿದ್ಧವಾದ ವರ್ಷದಲ್ಲೇ ವಾಟರ್ಲೂ ಕದನ ನಡೆದು ನೆಪೋಲಿಯನ್ನನ ಯುದ್ಧಗಳು ಮುಗಿದುವು. ಯಾವ ಶತ್ರುವಿಗಾಗಿ ಅದನ್ನು ಕಟ್ಟಿದ್ದರೋ ಆ ಶತ್ರುವೇ ಇಲ್ಲವಾದನು. ಅದರ ಫಿರಂಗಿಗಳು ಮುಂದೆ ತಿರುಗಿದುದು ಏಷ್ಯದ ಕಡೆಗೆ. 1839ರ ಫೆಬ್ರವರಿಯಲ್ಲಿ ಅಡ್ಮಿರಲ್ ಮೇಟ್‌ಲೆಂಡನ ಧ್ವಜವನ್ನು ಹೊತ್ತು ಅದು ಕರಾಚಿಯ ಮುಂದೆ ನಿಂತಿತು. ಮನೋರಾ ಕೋಟೆಯಿಂದ ಒಂದು ಫಿರಂಗಿ ಹಾರಿತು. ಹಡಗು ಬಂದುದನ್ನು ಸಾರುವ ವಾಡಿಕೆಯ ಸೂಚನೆ ಅದು ಎಂದು ಹೇಳಲಾಗಿದೆ. ‘ವೆಲೆಸ್ಲಿ’ಯ ಉತ್ತರದಿಂದ ಸ್ವಲ್ಪ ಹೊತ್ತಿನಲ್ಲಿ ಕೋಟೆಯ ಗೋಡೆ ಉರುಳಿ, ಕರಾಚಿ ಬ್ರಿಟಿಷರ ವಶವಾಯಿತು. ಅನಂತರ, ಅಫೀಮಿನ ವ್ಯಾಪಾರಕ್ಕಾಗಿ ಚೀನದ ಮೇಲೆ ಹೂಡಿದ ಯುದ್ಧದಲ್ಲಿ ಅದು 1840ರಲ್ಲಿ ಚೂಸಾನ್ ದ್ವೀಪವನ್ನು ಹಿಡಿಯುವಲ್ಲಿಯೂ, 1841ರಲ್ಲಿ ಕ್ಯಾಂಟನ್ ನದೀಮುಖದ ಕೋಟೆಗಳ ಮೇಲಿನ ದಾಳಿಯಲ್ಲಿಯೂ ಭಾಗವಹಿಸಿತು. ಆ ಯುದ್ಧಕ್ಕೆ ಅಂತ್ಯ ಹಾಡಿದ ನಾನ್‌ಕಿಂಗ್ ಒಪ್ಪಂದಕ್ಕೆ 1842ರ ಆಗಸ್ಟ್ 29ರಂದು ಸಹಿ ಬಿದ್ದುದು ಮುಂಬಯಿಯದೇ ಆದ ‘ಕಾರ್ನ್‌ವಾಲಿಸ್’ ನೌಕೆಯ ಮೇಲೆ.

ಅಷ್ಟರಲ್ಲಿ ಹಬೆಯಂತ್ರ ಬಂದಿತ್ತು. ಕಬ್ಬಿಣದ ಕವಚವೂ ಬಂದ ಮೇಲೆ ಮರದ ಯುದ್ಧನೌಕೆಗಳ ಕಾಲ ಮುಗಿಯಿತು. ಆದರೆ ‘ವೆಲೆಸ್ಲಿ’ಯ ಮರ ಇನ್ನೂ ಗಟ್ಟಿಯಾಗಿತ್ತು. 1868ರಲ್ಲಿ ಅದಕ್ಕೆ ‘ಕಾರ್ನ್‌ವಾಲ್’ ಎಂದು ಹೆಸರಿಟ್ಟು, ದಾರಿತಪ್ಪಿದ ಬಾಲಕರ ತರಬೇತಿಶಾಲೆಯನ್ನಾಗಿ ಮಾಡಿ ಥೇಮ್ಸ್ ನದಿಯಲ್ಲಿ ನಿಲ್ಲಿಸಲಾಯಿತು. ಎಪ್ಪತ್ತಕ್ಕೂ ಹೆಚ್ಚು ವರ್ಷ ಅದು ಶಾಲೆಯಾಗಿಯೇ ಇದ್ದಿತು. 1940ರ ಸೆಪ್ಟೆಂಬರ್ 24ರಂದು ಜರ್ಮನ್ ವಿಮಾನಗಳ ಬಾಂಬುದಾಳಿಗೆ ಸಿಕ್ಕಿ ಅದು ಮುಳುಗಿತು. 1948ರಲ್ಲಿ ಅವಶೇಷವನ್ನು ಮೇಲೆತ್ತಿ ಒಡೆದಾಗ, ಅದರ ಕೆಲವು ತೊಲೆಗಳನ್ನು ಲಂಡನ್ನಿನ ನ್ಯಾಯಾಲಯ ಭವನದ ದುರಸ್ತಿಗೆ ಬಳಸಲಾಯಿತು. ಅದರ ಮುಂತುದಿಯ ಪ್ರತಿಮೆಯು ಚಾತಮ್ ಹಡಗುಕಟ್ಟೆಯಲ್ಲಿ ಉಳಿದಿದೆ.

ಹಾಯಿಯ ಕಾಲದ ಹಡಗು ವಿಮಾನದ ಬಾಂಬಿಗೆ ಬಲಿಯಾಯಿತೆಂಬುದು ವಿಸ್ಮಯದ ಸಂಗತಿಯೇ ಸರಿ. ಆದರೆ ಅದು ಅಲ್ಲಿಯವರೆಗೆ ಬಾಳಿದುದಕ್ಕೆ ದಳಪತಿಗಳ ಶೌರ್ಯ ಕಾರಣವಲ್ಲ. ಮರದ ಗುಣವೂ ಅದನ್ನು ಬೆಸೆದ ಕೈಗಳ ಕೌಶಲವೂ ಕಾರಣ. 1799ರ ಒಂದು ಸೋಲು ಕೆನರಾದ ತೇಗವನ್ನು ವಿಜೇತರಿಗೆ ಒಪ್ಪಿಸಿತು. ಕರಾವಳಿಯ ಇಂತಹ ಮರದಿಂದ ಕಟ್ಟಿದ ಹಡಗುಗಳು ಕರಾಚಿಯನ್ನೂ ಚೀನದ ಬಂದರುಗಳನ್ನೂ ಸೋಲಿಸಿದುವು. ನೌಕೆಯ ವಿಜಯಗಳನ್ನು ಬರೆದಿಡುವ ಚರಿತ್ರೆಕಾರನು ಕಾಡಿನ ಲೆಕ್ಕವನ್ನೂ ಅದರ ಪಕ್ಕದಲ್ಲಿಯೇ ಬರೆಯುವುದು ಯುಕ್ತ.