ಏಳು ಕಲ್ಲು, ಒಂದು ಚಿಂದಿ ಚೆಂಡು

ಮಕ್ಕಳೇ, ಬರ್ಮಾದಲ್ಲಿ ‘ಚಿನ್‌ಲೋನ್’ ಎಂಬ ಆಟವಿದೆ. ಆರು ಜನ ದುಂಡಗೆ ನಿಂತು, ಬೆತ್ತದ ಚೆಂಡನ್ನು ಕೈ ತಾಗಿಸದೆ, ನೆಲಕ್ಕೆ ಬೀಳದಂತೆ ಕಾಲಿನಿಂದ ಚಿಮ್ಮಿಸುತ್ತಾರೆ. ಸಿನಿಮಾ ಹುಟ್ಟಿದ ಹೊಸತರಲ್ಲೇ ಅದನ್ನು ಚಿತ್ರೀಕರಿಸಿಕೊಂಡರು. 2013ರ ಆಗ್ನೇಯ ಏಷ್ಯಾ ಕ್ರೀಡಾಕೂಟದಲ್ಲೂ ಆ ಆಟವಿತ್ತು.

ಇಳಕಲ್ಲಿನ ನಮ್ಮ ಓಣಿಯ ಚೆಂಡಾಟ ಲಗೋರಿ. ಹಳೇ ಬಟ್ಟೆಯ ಚಿಂದಿ ಸುತ್ತಿ ದಾರ ಬಿಗಿದರೆ ಚೆಂಡು ಸಿದ್ಧ. ಒಂದರ ಮೇಲೊಂದು ಇಟ್ಟ ಏಳು ಚಪ್ಪಟೆ ಕಲ್ಲುಗಳನ್ನು ಗುರಿಯಿಟ್ಟು ಬೀಳಿಸಬೇಕು. ಎದುರಿನವರ ಚೆಂಡು ಮೈಗೆ ತಾಗುವುದರೊಳಗೆ ಮತ್ತೆ ಜೋಡಿಸಬೇಕು. ಒಬ್ಬ ಕಲ್ಲು ಜೋಡಿಸುವಾಗ ಇನ್ನೊಬ್ಬ ಓಡಾಡಿ ಚೆಂಡನ್ನು ತನ್ನತ್ತ ಸೆಳೆಯುತ್ತಿದ್ದ. ಗೆಳೆತನವೆಂದರೆ ಅದೇ!

ನಮ್ಮ ಆಟವನ್ನು ಆಗ ಯಾರೂ ಚಿತ್ರ ತೆಗೆದಿಡಲಿಲ್ಲ. ಆಡಿದವರು ಒಬ್ಬೊಬ್ಬರಾಗಿ ಕಡಿಮೆಯಾಗುತ್ತಿದ್ದೇವೆ. ಈ ಭಾನುವಾರ ಅಜ್ಜ-ಅಜ್ಜಿಯರಿಂದ ಚೆಂಡು ಕಟ್ಟಿಸಿಕೊಂಡು ಆಡಿರಿ. ಮೊಬೈಲಿನಲ್ಲಿ ಹಿಡಿದಿಡಿರಿ.