ಕಾರಾಪುರದ ಹುಡುಗ, ಹಂಗೇರಿಯ ಕತ್ತರಿ

ಗೋಕಾಕ, ಮೂಡಲಗಿ, ಹುಕ್ಕೇರಿ ಸೀಮೆಯಲ್ಲಿ ರಾತ್ರಿಯಿಡೀ ಕುಳಿತು ಶ್ರೀಕೃಷ್ಣ ಪಾರಿಜಾತ ನೋಡಿದವರಿಗೆ ಒಂದು ಸಂಗತಿ ಗೊತ್ತು. ರುಕ್ಮಿಣಿಯ ಮಂದಿರದಿಂದ ಸತ್ಯಭಾಮೆಯ ಮಂದಿರಕ್ಕೆ ಕಥೆ ಸಾಗಲು ಪರದೆ ಬದಲಿಸಬೇಕಿಲ್ಲ. ಭಾಗವತನ ನಾಲ್ಕು ಮಾತು ಸಾಕು. ಉಳಿದದ್ದನ್ನು ಪ್ರೇಕ್ಷಕರೇ ಜೋಡಿಸಿಕೊಳ್ಳುತ್ತಾರೆ. ಚಲನಚಿತ್ರದಲ್ಲಿ ಈ ಜೋಡಣೆಯ ಕೆಲಸ ಸಂಕಲನದ್ದು. ಆದರೆ ಭಾಗವತ ನಮ್ಮೆದುರೇ ನಿಂತಿರುತ್ತಾನೆ. ಸಂಕಲನದ ಕೈ ಕಾಣುವುದೇ ಇಲ್ಲ. ಆ ಕಾಣದ ಕೈ ಏನೆಲ್ಲ ಮಾಡಬಲ್ಲದೆಂಬುದಕ್ಕೆ ಕನ್ನಡ ನಾಡಿನಲ್ಲೇ ಒಂದು ಹಳೆಯ ಉದಾಹರಣೆಯಿದೆ.

ಜೋಲ್ಟಾನ್ ಕೋರ್ಡಾ 1895ರಲ್ಲಿ ಹಂಗೇರಿಯ ಟುರ್ಕೆವೆ ಊರಿನ ಬಳಿ ಹುಟ್ಟಿದವನು. ಅಣ್ಣ ಅಲೆಕ್ಸಾಂಡರ್ ಚಿತ್ರ ನಿರ್ಮಾಪಕ, ತಮ್ಮ ವಿನ್ಸೆಂಟ್ ಕಲಾ ನಿರ್ದೇಶಕ. ಜೋಲ್ಟಾನ್ ಛಾಯಾಗ್ರಹಣ, ಸಂಕಲನಗಳಲ್ಲಿ ಪಳಗಿ ನಿರ್ದೇಶಕನಾದ. ಸೋದರರು ಲಂಡನ್ನಿನಲ್ಲಿ ನೆಲೆ ನಿಂತರು. 1935ರ ‘ಸ್ಯಾಂಡರ್ಸ್ ಆಫ್ ದಿ ರಿವರ್’ ಚಿತ್ರಕ್ಕಾಗಿ ಜೋಲ್ಟಾನ್ ಆಫ್ರಿಕಾದ ಜನಜೀವನವನ್ನು ಆಸ್ಥೆಯಿಂದ ಚಿತ್ರೀಕರಿಸಿ ತಂದ. ಅಣ್ಣನ ಕೈಯಲ್ಲಿ ಅದು ಬ್ರಿಟಿಷ್ ಆಡಳಿತದ ಹೊಗಳಿಕೆಯಾಯಿತು. ಅದರಲ್ಲಿ ನಟಿಸಿದ್ದ ಗಾಯಕ ಪಾಲ್ ರಾಬ್ಸನ್ ಸಿದ್ಧವಾದ ಚಿತ್ರವನ್ನು ಕಂಡು ನೊಂದುಕೊಂಡರು.

ಅದೇ ವರ್ಷ ಅಲೆಕ್ಸಾಂಡರ್, ಸಾಕ್ಷ್ಯಚಿತ್ರಗಳಿಗೆ ಹೆಸರಾದ ಅಮೆರಿಕದ ರಾಬರ್ಟ್ ಫ್ಲಾಹರ್ಟಿಯನ್ನು ಮೈಸೂರಿಗೆ ಕಳುಹಿಸಿದ. ಕಿಪ್ಲಿಂಗ್ ಬರೆದ ಆನೆಯ ಕಥೆಯನ್ನು ‘ಎಲಿಫೆಂಟ್ ಬಾಯ್’ ಎಂಬ ಚಿತ್ರವಾಗಿಸುವುದು ಉದ್ದೇಶ. ಮಹಾರಾಜರ ಸರ್ಕಾರ ಆನೆಗಳನ್ನು ಒದಗಿಸಿತು. ಚಿತ್ತರಂಜನ ಮಹಲ್ ತಂಡದ ಬೀಡಾಯಿತು. ಅರಮನೆಯ ಆನೆ ಐರಾವತಕ್ಕೆ ಕಾಲಾನಾಗನ ಪಾತ್ರ. ಹೆಗ್ಗಡದೇವನಕೋಟೆ ತಾಲ್ಲೂಕಿನ ಕಾರಾಪುರದ ಸಾಬು ನಾಯಕನಾದ. 1924ರಲ್ಲಿ ಹುಟ್ಟಿದ ಈತ ಮಾವುತನ ಮಗ, ತಬ್ಬಲಿ.

ಫ್ಲಾಹರ್ಟಿಗೆ ಅವಸರವಿರಲಿಲ್ಲ. ಸುಮಾರು 3 ಲಕ್ಷ ಅಡಿ, ಎಂದರೆ 55 ಗಂಟೆಗಳಷ್ಟು ಫಿಲ್ಮ್ ತೆಗೆದ. ವೆಚ್ಚ ಬೆಳೆಯಿತು, ಕಥೆ ಬೆಳೆಯಲಿಲ್ಲ. 1936ರಲ್ಲಿ ತಂಡವನ್ನು ಲಂಡನ್ನಿಗೆ ಕರೆಸಿಕೊಳ್ಳಲಾಯಿತು. ಸಾಬುವೂ ಹಡಗು ಹತ್ತಿದ. ಕಥೆಯ ಭಾಗವನ್ನು ಡೆನ್‌ಹ್ಯಾಮ್ ಸ್ಟುಡಿಯೋದಲ್ಲಿ ಚಿತ್ರೀಕರಿಸುವ ಹೊಣೆ ಜೋಲ್ಟಾನನ ಪಾಲಿಗೆ ಬಂತು. ತನ್ನ ಆಫ್ರಿಕಾ ಚಿತ್ರಕ್ಕೆ ಏನಾಗಿತ್ತೋ ಅದನ್ನೇ ಈಗ ಇನ್ನೊಬ್ಬನ ಮೈಸೂರಿಗೆ ಅವನೇ ಮಾಡಬೇಕಾಯಿತು.

ಸಂಕಲನಕಾರನೆಂದು ಪರದೆಯ ಮೇಲೆ ಬರುವ ಹೆಸರು ಚಾರ್ಲ್ಸ್ ಕ್ರೈಟನ್. ಅಷ್ಟೊಂದು ಫಿಲ್ಮಿನಿಂದ ಉಳಿದದ್ದು, ಸ್ಟುಡಿಯೋ ದೃಶ್ಯಗಳೂ ಸೇರಿ ಸುಮಾರು 80 ನಿಮಿಷ ಮಾತ್ರ. ಹುಡುಗ ಆನೆಯೊಂದಿಗೆ ಕಾಣುವ ಹೊಳೆ, ಕಾಡು ಮೈಸೂರಿನವು. ಮಾತಾಡುವ ಬಿಡಾರ ಇಂಗ್ಲೆಂಡಿನದು. ಅವನ ತಂದೆಯಾಗಿ ಬರುವವನು ಮುಖಕ್ಕೆ ಬಣ್ಣ ಬಳಿದುಕೊಂಡ ಹಾಲೋವೇ ಎಂಬ ನಟ. ತಂದೆಯಿಲ್ಲದ ಹುಡುಗನಿಗೆ ಕತ್ತರಿ ಒಬ್ಬ ತಂದೆಯನ್ನು ಅಂಟಿಸಿಕೊಟ್ಟಿತು. 1937ರ ವೆನಿಸ್ ಉತ್ಸವದಲ್ಲಿ ಫ್ಲಾಹರ್ಟಿ, ಜೋಲ್ಟಾನ್ ಇಬ್ಬರೂ ನಿರ್ದೇಶನದ ಪ್ರಶಸ್ತಿಯನ್ನು ಹಂಚಿಕೊಂಡರು.

ಸಾಬು ಮತ್ತೆ ಕಾರಾಪುರದ ಬದುಕಿಗೆ ಮರಳಲಿಲ್ಲ. 1942ರಲ್ಲಿ ಜೋಲ್ಟಾನ್ ನಿರ್ದೇಶಿಸಿದ ‘ಜಂಗಲ್ ಬುಕ್’ ಚಿತ್ರದಲ್ಲಿ ಮೌಗ್ಲಿಯಾದ. 1944ರಲ್ಲಿ ಅಮೆರಿಕದ ಪ್ರಜೆಯಾದ. 1963ರಲ್ಲಿ, 39ನೆಯ ವಯಸ್ಸಿನಲ್ಲಿ ಅಲ್ಲಿಯೇ ತೀರಿಕೊಂಡ. ಜೋಲ್ಟಾನ್ 1951ರಲ್ಲಿ ದಕ್ಷಿಣ ಆಫ್ರಿಕಾದ ವರ್ಣಭೇದದ ನೋವನ್ನು ‘ಕ್ರೈ, ದಿ ಬಿಲವ್ಡ್ ಕಂಟ್ರಿ’ಯಲ್ಲಿ ಚಿತ್ರಿಸಿದ. ಮೊದಲ ಬಾರಿ ಕೈತಪ್ಪಿದ ಆಫ್ರಿಕಾಕ್ಕೆ ಅವನು ಸಲ್ಲಿಸಿದ ಬಾಕಿ ಅದು ಎನ್ನಬಹುದು. 1961ರಲ್ಲಿ ನಿಧನನಾದ.

ಕತ್ತರಿ ಇಲ್ಲದೆ ಆ 55 ಗಂಟೆಗಳನ್ನು ಯಾರೂ ನೋಡುತ್ತಿರಲಿಲ್ಲ, ಸಾಬುವಿನ ಹೆಸರೂ ಉಳಿಯುತ್ತಿರಲಿಲ್ಲ. ಆದರೆ ಮೈಸೂರಿನ ಮಾವುತರ ದಿನಚರಿಯನ್ನು ಹಿಡಿದ ಎಷ್ಟೋ ಗಂಟೆಗಳ ಚಿತ್ರ ಕೈಬಿಟ್ಟು ಹೋಯಿತು. ಹಳೆಯ ಚಿತ್ರಗಳಲ್ಲಿ ನಮ್ಮ ನಾಡನ್ನು ಕಂಡು ಹಿಗ್ಗುವಾಗ, ಯಾವ ತುಣುಕು ಎಲ್ಲಿಯದು, ಜೋಡಿಸಿದವರು ಯಾರು ಎಂದು ಒಮ್ಮೆ ಕೇಳಿಕೊಳ್ಳುವುದು ಒಳಿತು.